ಕರ್ಶಾ ಅವರು ಚಂದ್ರನನ್ನು ತೊಳೆದದ್ದು

ನನ್ನ ಅಕ್ಷರ ಚೆನ್ನಾಗಿಲ್ಲ, ನನಗೆ ಗೊತ್ತಿರುವ ಪದಗಳೂ ಕಡಿಮೆ. ಓದುವವರು ಕ್ಷಮಿಸಬೇಕು. ಶಾಲೆಯನ್ನು ಅರ್ಧಕ್ಕೆ ಬಿಟ್ಟು ಗಿರಣಿಯ ಮಗ್ಗಕ್ಕೆ ಹೋದವಳು ನಾನು. ನಮ್ಮ ಚರ್ಚಿನ ಕೈಬರಹದ ಪತ್ರಿಕೆಗೆ ಊರಿನವರೊಬ್ಬರ ಬದುಕನ್ನು ಬರೆದುಕೊಡಿ ಎಂದು ಪಾದ್ರಿಗಳು ಕೇಳಿದರು. ಎದ್ದು ನಿಂತು ಹೇಳುವುದು ನನ್ನಿಂದ ಆಗುವುದಿಲ್ಲ, ಹಾಗಾಗಿ ಬರೆಯುತ್ತಿದ್ದೇನೆ.

ಆಂಬ್ರೋಸ್ ಕರ್ಶಾ ನಮ್ಮ ಮನೆಯ ಮಹಡಿಯ ಕೋಣೆಯಲ್ಲಿ ಬಹಳ ವರ್ಷಗಳಿಂದ ಬಾಡಿಗೆಗೆ ಇದ್ದಾರೆ. ಮದುವೆಯಾಗಿಲ್ಲ. ಅವರ ತಂದೆ ಬಟ್ಟೆಗೆ ಅಚ್ಚು ಹಾಕುವ ಕಾರ್ಖಾನೆಯಲ್ಲಿ ಹೂಬಳ್ಳಿ ಬರೆಯುತ್ತಿದ್ದರು. ಅಲ್ಲಿ ಒಣಹಾಕಿದ ಬಟ್ಟೆಯ ಉದ್ದಕ್ಕೂ ನಡೆದು, ಬಣ್ಣ ಜಾರಿದ ಕಡೆ ಬೆರಳಿಟ್ಟು ತೋರಿಸುವುದು ಮಗನ ಕೆಲಸವಾಗಿತ್ತು. ದೊಡ್ಡವರಾದ ಮೇಲೆ ಅದೇ ಬೆರಳನ್ನು ಚಿತ್ರಗಳ ಮೇಲೆ ಇಟ್ಟರು. ಪ್ರತಿ ಶುಕ್ರವಾರದ ಪತ್ರಿಕೆಯಲ್ಲಿ ಅವರ ವಿಮರ್ಶೆ ಬರುತ್ತಿತ್ತು. ಒಬ್ಬನ ಚಿತ್ರದ ಬಗ್ಗೆ 'ಈ ಹಸುಗಳಿಗೆ ನಾಲ್ಕು ಕಾಲುಗಳೇನೋ ಇವೆ, ಒಂದೂ ನೆಲ ಮುಟ್ಟಿಲ್ಲ' ಎಂದು ಬರೆದಾಗ ಆತ ನಮ್ಮ ಬಾಗಿಲಿಗೇ ಬಂದು ನಿಂತಿದ್ದ. ಅಮ್ಮ ಅವನಿಗೆ ಚಹಾ ಕೊಟ್ಟು ಕಳಿಸಿದಳು.

ಅವರ ಹೆಸರು ಲಂಡನ್ನಿನವರೆಗೆ ಹೋದದ್ದು ಮಾತ್ರ ಒಂದೇ ಚಿತ್ರದಿಂದ. ನಮ್ಮ ಗಿರಣಿಯ ಹೋಲ್ಡನ್ ಧಣಿಗಳ ತಂದೆ ಊರಿಗೆ ಕೊಟ್ಟ ಹಳೆಯ ಚಿತ್ರ ಅದು. ಕಡುಗಂದು ರಾತ್ರಿ, ಒಂದು ಹೊಳೆ, ದಡದಲ್ಲಿ ಬಾಗಿದ ನಾಲ್ವರು ಹೆಂಗಸರು, ನೀರಿನಲ್ಲಿ ದುಂಡನೆಯ ಬಿಳುಪು. ಆಕಾಶದಲ್ಲಿ ಚಂದ್ರನಿಲ್ಲ. 'ಚಿತ್ರಗಾರ ಚಂದ್ರನನ್ನು ಬಿಟ್ಟು ಅವನ ಬಿಂಬವನ್ನಷ್ಟೇ ಬರೆದಿದ್ದಾನೆ. ಈ ತಾಯಂದಿರು ಮುಳುಗಿದ ಮಗುವನ್ನು ಹುಡುಕುತ್ತಿದ್ದಾರೆ' ಎಂದು ಕರ್ಶಾ ಬರೆದರು. ಆ ಲೇಖನದಿಂದಲೇ ಅವರಿಗೆ ಆ ಚಿತ್ರವಿರುವ, ಧಣಿಗಳ ಮಾತು ನಡೆಯುವ ಊರಿನ ಚಿತ್ರಶಾಲೆಯ ಮೇಲ್ವಿಚಾರಕರ ಕೆಲಸ ಸಿಕ್ಕಿತು. ಹೋಲ್ಡನ್ ಧಣಿಗಳು ಹಡಗಿನಲ್ಲಿ ಬೊಂಬಾಯಿಗೆ ಕಳಿಸುವ ಬಟ್ಟೆಯ ಥಾನುಗಳಿಗೆ ಅದೇ ಚಿತ್ರದ ಚೀಟಿ ಅಂಟಿಸಿ 'ಚಂದ್ರ ಮಾರ್ಕು' ಎಂದು ಹೆಸರಿಟ್ಟರು. ಶನಿವಾರ ಗಿರಣಿ ಬಿಟ್ಟ ಮೇಲೆ ಹೆಂಗಸರು ಆ ಚಿತ್ರದ ಮುಂದೆ ನಿಂತು ಕಣ್ಣೊರೆಸಿಕೊಳ್ಳುತ್ತಿದ್ದರು. ನನ್ನ ತಮ್ಮ ಕಾಲುವೆಗೆ ಬಿದ್ದು ತೀರಿಹೋದ ಮೇಲೆ ಅಮ್ಮನೂ ಹೋಗುತ್ತಿದ್ದಳು.

ಈ ವರ್ಷ ಗೋಡೆಗೆ ಬಣ್ಣ ಬಳಿಯಲೆಂದು ಚಿತ್ರವನ್ನು ಇಳಿಸಿ ಚೌಕಟ್ಟಿನಿಂದ ಬಿಡಿಸಿದರು. ಆ ಸಂಜೆ ಕರ್ಶಾ ಅವರು ಈರುಳ್ಳಿ ಹಾಕಿ ಬೇಯಿಸಿದ ಬೋಟಿಯನ್ನು ಮುಟ್ಟಲಿಲ್ಲ.

"ಯಾಕೆ, ಬೇಯ್ಲಿಲ್ವಾ?" ಎಂದಳು ಅಮ್ಮ.

"ಅದಲ್ಲ ಅಮ್ಮಾವ್ರೇ. ಚೌಕಟ್ಟಿನ ಅಡೀಲಿ ಮುಚ್ಕೊಂಡಿದ್ದ ಅಂಚು ಇವತ್ತು ನೋಡ್ದೆ. ಅಲ್ಲಿಗೆ ಮಸಿ ತಾಗಿಲ್ಲ. ನೀಲಿ ಇದೆ. ಹಗಲಿನ ನೀಲಿ."

ನಾನು ಊಟದ ಹೊತ್ತಿನಲ್ಲಿ ಮಾತಾಡುವವಳಲ್ಲ. ಆದರೂ ಕೇಳಿದೆ: "ಹಂಗಾದ್ರೆ ಅದು ರಾತ್ರಿ ಅಲ್ವಾ?"

"ಗೊತ್ತಿಲ್ಲ ಮಗು. ಗ್ಯಾಸ್ ದೀಪದ ಮಸಿ, ಅದರಡಿ ಹಳೇ ವಾರ್ನಿಷ್. ತೊಳೆದ್ರೆ ಗೊತ್ತಾಗುತ್ತೆ."

"ತೊಳೀಬೇಡಿ ಕರ್ಶಾ ಅವ್ರೇ," ಎಂದಳು ಅಮ್ಮ. "ನೀವು ಬರ್ದಿದ್ದು ಸುಳ್ಳು ಅಂತಾದ್ರೆ ಊರೆಲ್ಲ ನಗುತ್ತೆ. ಧಣಿಗಳು ಕೆಲಸದಿಂದ ತೆಗೀತಾರೆ."

"ತೆಗೀಬಹುದು. ಆದ್ರೆ ಆ ಬಿಳಿ ಏನು ಅಂತ ತಿಳೀದೆ ನಂಗೆ ತುತ್ತು ಇಳಿಯಲ್ಲ."

"ಹಂಗಾದ್ರೆ ತೊಳ್ಕೊಳಿ. ದಿನಾ ಬೋಟಿ ದಂಡ ಮಾಡಕ್ಕಾಗಲ್ಲ ನಂಗೆ."

ಅವರು ಬಲಗಡೆಯಿಂದ ಶುರು ಮಾಡಿದರು. ಮೊದಲು ಹತ್ತಿಯನ್ನು ಎಂಜಲಲ್ಲಿ ಒದ್ದೆ ಮಾಡಿ ಮಸಿ ಒರೆಸಿ, ಆಮೇಲೆ ಸ್ಪಿರಿಟ್ಟಿನಿಂದ ವಾರ್ನಿಷ್ ತೆಗೆಯುತ್ತಿದ್ದರಂತೆ. ಊರಿನ ಆಸ್ತಿಗೆ ಎಂಜಲು ಹಚ್ಚುತ್ತೀರಾ ಎಂದು ಅಮ್ಮ ಮುಖ ಸಿಂಡರಿಸಿದಾಗ, "ಅಷ್ಟು ಮೆತ್ತಗಿರೋದು ಯಾವ ಅಂಗಡೀಲೂ ಸಿಗಲ್ಲ," ಎಂದರು. ನಾನು ಮಗ್ಗದ ಮುಂದೆ ನಿಂತಾಗಲೂ ಆ ಬಿಳಿ ಏನಿರಬಹುದೆಂದು ಯೋಚಿಸುತ್ತಿದ್ದೆ. ಬಾತುಕೋಳಿಯೇ? ಮಂಜುಗಡ್ಡೆಯೇ?

ಒಂದು ಸಂಜೆ ಅವರು ಬಂದು ಮೆಟ್ಟಿಲ ಮೇಲೇ ಕೂತು ನಗತೊಡಗಿದರು.

"ಒಳಲಂಗ," ಎಂದರು.

"ಏನಂದ್ರಿ?" ಅಮ್ಮ ಸೌಟು ಹಿಡಿದೇ ಹೊರಗೆ ಬಂದಳು.

"ನೀರಲ್ಲಿರೋದು ಒಳಲಂಗ ಅಮ್ಮಾವ್ರೇ. ಬಟ್ಟೆ ಒಗೀತಿದ್ದೋರ ಕೈತಪ್ಪಿ, ಗಾಳಿ ತುಂಬ್ಕೊಂಡು ದುಂಡಗೆ ತೇಲ್ತಾ ಇದೆ. ಕೋಲಲ್ಲಿ ಎಳೀತಿದಾರೆ. ಒಬ್ಳು ಹಲ್ಲು ಬಿಟ್ಕೊಂಡು ನಗ್ತಿದಾಳೆ."

ಅಮ್ಮ ಸೌಟು ಕೆಳಗಿಟ್ಟಳು. "ಇಷ್ಟು ವರ್ಷ ನನ್ನನ್ನ ಒಂದು ಒಳಲಂಗದ ಮುಂದೆ ಅಳಿಸಿದ್ರಲ್ಲ, ಮಾರಾಯ್ರೇ."

ಅವರ ನಗು ನಿಂತಿತು. "ಅಳು ನಿಜಾನೇ ಅಮ್ಮಾವ್ರೇ. ಸುಳ್ಳು ಮಾತ್ರ ನಂದು," ಎಂದರು.

ಮೂರನೇ ದಿನ ಹೋಲ್ಡನ್ ಧಣಿಗಳು ನಮ್ಮ ಮನೆಗೇ ಬಂದರು. ನಾನು ಅಡುಗೆಮನೆಯಲ್ಲಿದ್ದೆ. ಬಾಗಿಲು ತೆರೆದಿತ್ತು.

"ಬೊಂಬಾಯೀಲಿ ನನ್ನ ಬಟ್ಟೇನ ಒಳಲಂಗ ಮಾರ್ಕು ಅಂತ ಮಾರ್ಲೇನ್ರೀ?" ಎಂದರು. "ಮತ್ತೆ ಕಂದು ವಾರ್ನಿಷ್ ಬಳೀರಿ. ನಿಮ್ಮ ಹೆಸ್ರೂ ಉಳಿಯುತ್ತೆ, ನಂದೂ ಉಳಿಯುತ್ತೆ."

"ಶುಕ್ರವಾರದ ಲೇಖನ ಆಗ್ಲೇ ಅಚ್ಚಿಗೆ ಹೋಯ್ತು ಧಣಿ."

"ಏನಂತ ಬರ್ದಿದೀರಿ?"

"ನಾನು ನೋಡಿದ್ದು ಮಸಿ, ಹೊಗಳಿದ್ದು ಚಂದ್ರನ್ನ ಅಂತ."

ಧಣಿಗಳು ಟೋಪಿ ಎತ್ತಿಕೊಂಡರು. "ನಾಳೆಯಿಂದ ಚಿತ್ರಶಾಲೆಗೆ ಬರ್ಬೇಡಿ."

"ಎಡಗಡೆ ಒಬ್ಳು ಇನ್ನೂ ಬಾಕಿ ಇದಾಳೆ ಧಣಿ. ಒಂದು ವಾರ ಕೊಡಿ ಸಾಕು."

"ಅವಳು ರಾತ್ರೀಲೇ ಇರ್ಲಿ," ಎಂದು ಹೊರಟುಹೋದರು.

ಲಂಡನ್ನಿನ ಪತ್ರಿಕೆ ಕರ್ಶಾ ಅವರನ್ನು ಗೇಲಿ ಮಾಡಿ ಬರೆಯಿತು. ಅದನ್ನು ಅವರೇ ನಮಗೆ ಓದಿ ಹೇಳಿದರು. ಧಣಿಗಳಿಗೂ ಚಿತ್ರವನ್ನು ತೆಗೆದು ಬಚ್ಚಿಡಲಾಗಲಿಲ್ಲ. ನೋಡಲು ಅಷ್ಟು ಜನ ಬರತೊಡಗಿದರು. ಈಗ ಅದು ಮುಕ್ಕಾಲು ಹಗಲು, ಕಾಲು ರಾತ್ರಿಯಾಗಿ ನೇತಾಡುತ್ತಿದೆ. ಅಮ್ಮನೂ ಹೋಗಿ ಬಂದಳು. ಆ ನಗುವವಳ ಬಾಯಿ ನಮ್ಮ ಚಿಕ್ಕಮ್ಮನದರಂತೆಯೇ ಇದೆ ಎಂದಳು.

ಕರ್ಶಾ ಅವರನ್ನು ಮಾತ್ರ ಬಾಗಿಲಲ್ಲೇ ತಡೆಯುತ್ತಾರೆ. ಸಂಪಾದನೆಗೆ ಶುಕ್ರವಾರದ ಬರಹವೊಂದೇ ಉಳಿದಿದೆ, ಹೇಗೋ ನಡೆಯುತ್ತದೆ. ನಾಲ್ಕನೆಯವಳ ಕೈಯಲ್ಲಿ ಏನಿದೆ ಎಂದು ಅವರು ಹೋಗಿಬಂದವರನ್ನೆಲ್ಲ ಕೇಳುತ್ತಾರೆ. ಒಬ್ಬರು ಕೋಲು ಎಂದರು, ಒಬ್ಬರು ಕೂಸು ಎಂದರು, ಪಕ್ಕದ ಮನೆಯವರು ರೊಟ್ಟಿ ಎಂದರು. "ಮಸೀಲಿ ಏನು ಬೇಕಾದ್ರೂ ಕಾಣುತ್ತೆ, ನನ್ನ ಕೇಳಿ," ಎನ್ನುತ್ತಾರೆ ಕರ್ಶಾ. ಆದರೂ ಕೇಳುವುದನ್ನು ಬಿಟ್ಟಿಲ್ಲ.

ಈ ಶನಿವಾರ ಗಿರಣಿ ಬಿಟ್ಟ ಕೂಡಲೇ ನಾನು ಚಿತ್ರಶಾಲೆಗೆ ಹೋಗಿ ಆ ಎಡಗಡೆಯ ಮುಂದೆ ನಿಲ್ಲುತ್ತೇನೆ. ಕಂಡಷ್ಟನ್ನೇ ಬರೆದು ತಂದು ಅವರಿಗೆ ಕೊಡುತ್ತೇನೆ.