ಶುಭಕಾರ್ಯಕ್ಕೆ ‘ನೋ’ ಅನ್ನಬಾರದೆಂದು

2006ರ ಮೇ 5, ಶುಕ್ರವಾರ, ಬೆಳಗ್ಗೆ ಎಂಟೂ ಇಪ್ಪತ್ತು. ಮುಳಬಾಗಿಲಿನಲ್ಲಿರುವ ನಮ್ಮ ಚಿಕ್ಕಪ್ಪನ ಡಿಟಿಪಿ ಅಂಗಡಿಯ ಬಾಗಿಲು ತೆಗೆಯಲು ಹೋದೆ. ನಂಗಲಿಯಲ್ಲಿ ಟೈರ್ ಅಂಗಡಿ ಇಟ್ಟಿರುವ ವೆಂಕಟರಮಣಪ್ಪನವರು ಆಗಲೇ ಮೆಟ್ಟಿಲ ಮೇಲೆ ಕುಳಿತಿದ್ದರು. ಅವರ ಮಗಳ ಲಗ್ನಪತ್ರಿಕೆಯ ಮೊದಲ ಪ್ರತಿಗೆ ಅರಿಶಿನ ಹಚ್ಚಿ, ಹತ್ತೂವರೆಗೆ ರಾಹುಕಾಲ ಶುರುವಾಗುವುದರೊಳಗೆ ಮನೆದೇವರ ಮುಂದೆ ಇಡಬೇಕಿತ್ತು. ಅದಕ್ಕೆಂದೇ ಗಂಡಿನ ಕಡೆಯ ಹಿರಿಯರು ಗಡಿಯಾಚೆಯ ಆಂಧ್ರದಿಂದ ಬಂದು ನಂಗಲಿಯಲ್ಲಿ ಇವರ ಮನೆಯಲ್ಲೇ ಕಾಯುತ್ತಿದ್ದರು.

ಕನ್ನಡದ ಪುಟ ಹಿಂದಿನ ದಿನವೇ ಸಿದ್ಧವಾಗಿತ್ತು. ತೆಲುಗಿನ ಪುಟ ಬಾಕಿ. ನಮ್ಮ ಕಂಪ್ಯೂಟರಿನಲ್ಲಿ ತೆಲುಗು ಅಕ್ಷರಗಳಿರಲಿಲ್ಲ. ಚಿಕ್ಕಪ್ಪ ಕಾಗದ ತರಲು ಕೋಲಾರಕ್ಕೆ ಹೋಗಿದ್ದರು. ಇಂಟರ್‌ನೆಟ್‌ನಲ್ಲಿ ಹುಡುಕಿದಾಗ, ತೆಲುಗು ಟೈಪ್ ಮಾಡುವ ಪುಟ್ಟ ಸಾಫ್ಟ್‌ವೇರ್ ಪುಕ್ಕಟೆಯಾಗಿ ಸಿಕ್ಕಿತು. ಮಾಡಿದವರು ಯಾರೆಂದು ಎಲ್ಲೂ ಬರೆದಿರಲಿಲ್ಲ. ಆದರೂ ಡೌನ್‌ಲೋಡ್ ಮಾಡಿದೆ.

ಇನ್‌ಸ್ಟಾಲ್ ಮಾಡುವಾಗ ಒಂದು ಪ್ರಶ್ನೆ ಬಂತು: ಇದರ ಜೊತೆ ಇನ್ನೊಂದನ್ನೂ ಹಾಕಲೇ, ಯೆಸ್ ಅಥವಾ ನೋ? ಮೌಸನ್ನು ‘ನೋ’ ಕಡೆಗೆ ಒಯ್ದೆ.

“ಏಯ್, ಏನಮ್ಮಾ ಅದು ನೋ?” ಎಂದರು ಹಿಂದೆ ನಿಂತಿದ್ದ ವೆಂಕಟರಮಣಪ್ಪ. “ಮದುವೆ ಕೆಲ್ಸಕ್ಕೆ ಕೂತ್ಕೊಂಡು ಮೊದಲ ಮಾತೇ ಇಲ್ಲ ಅಂತೀಯಾ? ಯೆಸ್ ಒತ್ತು ತಲ್ಲೀ.”

“ಬೇಡದ್ದೆಲ್ಲ ಬರುತ್ತೆ ಅಂಕಲ್.”

“ಬರ್ಲಿ ಬಿಡು. ಮದುವೆ ಮನೆಗೆ ಕರೀದೇ ಇರೋರೂ ಬರ್ತಾರೆ. ಊಟ ಹಾಕಿ ಕಳಿಸಲ್ವಾ?”

ನಗು ಬಂತು. ಯೆಸ್ ಒತ್ತಿದೆ. ಆಮೇಲೆ ಬಂದ ಪ್ರಶ್ನೆಗಳಿಗೂ ಅದೇ ಉತ್ತರ.

ಪರದೆ ತುಂಬ ಜಾಹೀರಾತುಗಳು ಎದ್ದವು. ಒಂದನ್ನು ಮುಚ್ಚಿದರೆ ಎರಡು. ಕನ್ನಡದ ಪುಟ ತೆರೆಯಹೋದರೆ ಕಂಪ್ಯೂಟರ್ ತಾನಾಗಿಯೇ ಆಫ್ ಆಯಿತು, ಆನ್ ಆಯಿತು, ಮತ್ತೆ ಆಫ್. ಫ್ಲಾಪಿಯಲ್ಲಿ ಪ್ರತಿ ಇತ್ತು, ಅದನ್ನು ಹಾಕಲು ಬೇರೆ ಯಂತ್ರವಿರಲಿಲ್ಲ. ಗಂಟೆ ಒಂಬತ್ತಾಗಿತ್ತು.

“ನಿಮ್ಮ ಕರೀದೇ ಇರೋರು ಏಳ್ತಾನೇ ಇಲ್ಲ ಅಂಕಲ್,” ಎಂದೆ.

ಅವರು ನಗಲಿಲ್ಲ. “ಬೀಗರು ಕೂತವ್ರೆ ಕಣಮ್ಮಾ. ಬರೀ ಕೈಲಿ ಹೋದ್ರೆ, ಶುರುವಿಗೇ ಅಡ್ಡಿ ಆಯ್ತು ಅಂತಾರೆ.”

ಗಣಪತಿಯ ಚಿತ್ರವಷ್ಟೇ ಅಚ್ಚಾಗಿದ್ದ ಖಾಲಿ ಕಾರ್ಡೊಂದನ್ನು ತೆಗೆದು ಪೆನ್ಸಿಲಿನಿಂದ ಗೆರೆ ಎಳೆದೆ. ಕನ್ನಡದ ಕಡೆ ನಾನು ಬರೆದೆ. ತೆಲುಗು ನನಗೆ ಮಾತಿಗಷ್ಟೇ ಬರುತ್ತಿತ್ತು.

“ನಿಮಗೆ ಬರೆಯೋಕೆ ಬರುತ್ತಾ?”

“ಆಂಧ್ರ ಲಾರಿಯೋರಿಗೆ ಬಿಲ್ಲು ಮತ್ಯಾರು ಬರ್ದಿದ್ದು? ಕೊಡಿಲ್ಲಿ.”

ತಲೆ ಬಗ್ಗಿಸಿ ನಿಧಾನವಾಗಿ ಬರೆಯುತ್ತಾ ಹೋದರು. ಮಗಳ ಹೆಸರು ಬಂದಾಗ ಪೆನ್ನು ನಿಲ್ಲಿಸಿ, ಬೆವೆತ ಕೈಯನ್ನು ಪಂಚೆಗೆ ಒರೆಸಿಕೊಂಡು, ಆಮೇಲೆ ಬರೆದರು. ಶಾಯಿ ಒಣಗುವ ಮೊದಲೇ ಕಾರ್ಡನ್ನು ಅಂಗೈಯಲ್ಲಿಟ್ಟುಕೊಂಡು ಬಸ್ಸಿಗೆ ಓಡಿದರು.

ಆ ಸಂಜೆ ಮೆಕ್ಯಾನಿಕ್ ಬಂದು ಕಂಪ್ಯೂಟರಿನಲ್ಲಿದ್ದುದೆಲ್ಲ ಅಳಿಸಿ ಮೊದಲಿನಿಂದ ತುಂಬಬೇಕಾಯಿತು. ಫ್ಲಾಪಿಯಲ್ಲಿ ಇಟ್ಟಿದ್ದಷ್ಟೇ ಉಳಿಯಿತು. ಅಂದಿನಿಂದ ಮಾಡಿದವರ ಹೆಸರಿಲ್ಲದ ಸಾಫ್ಟ್‌ವೇರನ್ನು ನಾನು ಮುಟ್ಟುವುದಿಲ್ಲ. ಪ್ರತಿ ಪ್ರಶ್ನೆಯನ್ನೂ ಓದಿ, ಬೇಡದ್ದಕ್ಕೆ ‘ನೋ’ ಒತ್ತುತ್ತೇನೆ. ಅದರಿಂದ ಯಾರ ಮದುವೆಯೂ ನಿಂತಿಲ್ಲ.

ಅಚ್ಚಾದ ಪತ್ರಿಕೆಗಳನ್ನು ಒಯ್ಯಲು ಮರುವಾರ ಬಂದ ವೆಂಕಟರಮಣಪ್ಪ ಹೇಳಿದರು: “ಗಂಡಿನ ತಾತ ಅದನ್ನ ಕಣ್ಣಿಗೊತ್ಕೊಂಡ್ರು ಕಣಮ್ಮಾ. ಹೆಣ್ಣಿನ ಅಪ್ಪನ ಕೈಬರಹ ಅಂತ ಬಂದೋರಿಗೆಲ್ಲ ತೋರಿಸಿದ್ರು.” ಆ ಮಾತು ನೆನೆದಾಗ ಈಗಲೂ ಮನಸ್ಸು ಹಗುರಾಗುತ್ತದೆ.

ಆದರೆ ಒಂದು ಸಂದೇಹ ಉಳಿದಿದೆ. ಎಲ್ಲವನ್ನೂ ಅಳಿಸದೆ, ಹೊಕ್ಕಿದ್ದನ್ನಷ್ಟೇ ಹೊರಗೆ ಹಾಕುವ ದಾರಿ ಇತ್ತೇ? ಬಲ್ಲವರು ದಯವಿಟ್ಟು ಬರೆದು ತಿಳಿಸಿ.