ಹಲ್ಲಕ್ಕನ ನಾಲ್ಕು ಚತುರ್ಥಕ

ನಮ್ಮ ಅತ್ತಿಗೆ ಹಲ್ಲಿನ ಆಸ್ಪತ್ರೆಯಲ್ಲಿ ಸಹಾಯಕಿ. ಬೀದಿಗೆಲ್ಲ ಹಲ್ಲಕ್ಕ. ಬಾಯಿಯನ್ನು ನಾಲ್ಕು ಭಾಗ ಮಾಡಿ ಎಣಿಸುವುದು ಅಲ್ಲಿನ ರೂಢಿ. ಡಾಕ್ಟರ್ "ಒಂದು, ಆರು" ಎಂದರೆ ಮೊದಲನೇ ಭಾಗದ ಆರನೇ ಹಲ್ಲು. ಅಷ್ಟರಲ್ಲಿ ಅತ್ತಿಗೆ ದೀಪವನ್ನು ಅತ್ತ ತಿರುಗಿಸಿಯಾಗಿರುತ್ತದೆ.

ಈಚೆಗೆ ಅಲ್ಲಿ ಹೊಸ ನಿಯಮ ಬಂತು. ಹತ್ತನೇ ತರಗತಿ ಪಾಸಾಗದವರು ಕುರ್ಚಿಯ ಪಕ್ಕ ನಿಲ್ಲುವಂತಿಲ್ಲ, ನೆಲ ಒರೆಸಲು ಹೋಗಬೇಕು. ಅತ್ತಿಗೆಗೆ ಬಾಕಿ ಇದ್ದದ್ದು ಗಣಿತ ಒಂದೇ. ಕಲಿಸುವ ಹೊಣೆ ನಾದಿನಿಯಾದ ನನ್ನ ತಲೆಗೆ ಬಿತ್ತು. ನನಗೋ ಮೂಗಿನ ತುದಿಯಲ್ಲೇ ಕೋಪ.

ಊಟದ ಮೇಜಿನ ಮೇಲೆ ಗ್ರಾಫ್ ಹಾಳೆ ಹರಡಿ ಅಡ್ಡ, ಉದ್ದ ಗೆರೆ ಎಳೆದು ನಾಲ್ಕು ಭಾಗ ಮಾಡಿದೆ. "ಬಲಗಡೆ ಮೇಲಿನದು ಒಂದನೇ ಚತುರ್ಥಕ. ಅದರ ಎಡಕ್ಕೆ ಎರಡು, ಕೆಳಗೆ ಮೂರು, ಮತ್ತೆ ಬಲಕ್ಕೆ ಬಂದ್ರೆ ನಾಲ್ಕು. ಈಗ ಮೂರು, ಎರಡು ಅನ್ನೋ ಬಿಂದು ಎಲ್ಲಿದೆ ಹೇಳಿ."

ಅತ್ತಿಗೆ ಬಿಂದುವನ್ನು ಸರಿಯಾಗಿಯೇ ಇಟ್ಟರು. ಆಮೇಲೆ "ಎರಡನೇದು" ಎಂದರು.

"ಅಯ್ಯೋ, ಎರಡೂ ಧನ ಸಂಖ್ಯೆ ಅತ್ತಿಗೆ! ಒಂದನೇದು!"

"ಹೌದಲ್ವಾ" ಎಂದವರು ಮುಂದೆ ಮೂರನ್ನು ನಾಲ್ಕು ಎಂದರು, ನಾಲ್ಕನ್ನು ಮೂರು. ಎಷ್ಟು ಹೇಳಿದರೂ ಬೋರ್ಗಲ್ಲ ಮೇಲೆ ಮಳೆ ಸುರಿದಂತೆ. ಎಲ್ಲಿ ಎಡವುತ್ತಿದ್ದಾರೆಂದು ನನಗೂ ಹೊಳೆಯಲಿಲ್ಲ. ಪುಸ್ತಕದಲ್ಲೇ ತಪ್ಪಿದೆಯೇನೋ ಎಂದು ತಿರುವಿ ಹಾಕಿದೆ.

"ಹಲ್ಲಿದ್ದಾಗ ಕಡಲೆ ಇಲ್ಲ, ಕಡಲೆ ಇದ್ದಾಗ ಹಲ್ಲಿಲ್ಲ" ಎಂದು ಅಣ್ಣ ನಕ್ಕ. ಅತ್ತಿಗೆ ನಗಲಿಲ್ಲ.

ಹಟ ಹಿಡಿದು ಬಾಯಿಪಾಠ ಮಾಡಿಸಿದೆ. ಮಾರನೆಯ ದಿನ ಅತ್ತಿಗೆ ಆಸ್ಪತ್ರೆಯಲ್ಲಿ ದೀಪವನ್ನು ತಪ್ಪು ಕಡೆ ತಿರುಗಿಸಿ ಡಾಕ್ಟರ್ ಕೈಲಿ ಬೈಸಿಕೊಂಡು ಬಂದರು. "ಕಲಿತ್ರೆ ಕೆಲಸ ಕೆಡತ್ತೆ, ಕಲೀದಿದ್ರೆ ಕೆಲಸ ಹೋಗತ್ತೆ. ಏನು ಮಾಡ್ಲಿ ಹೇಳೇ?" ಎಂದು ಕಣ್ಣು ತುಂಬಿಕೊಂಡರು.

ಪರೀಕ್ಷೆ ಹತ್ತಿರ ಬಂದಾಗ ಅತ್ತಿಗೆಗೇ ಹಲ್ಲುನೋವು ಶುರುವಾಯಿತು. ಜೊತೆಗೆ ನಾನೂ ಹೋದೆ. ಅವರು ಕುರ್ಚಿಯಲ್ಲಿ ಒರಗಿದರು. ಡಾಕ್ಟರ್ ಇಣುಕಿ, "ಒಂದು, ಆರು" ಎಂದರು.

ಅತ್ತಿಗೆಯ ಕೈ ನೋಯುತ್ತಿದ್ದ ಕೆನ್ನೆಗೆ ಹೋಗಿ ಅಲ್ಲೇ ನಿಂತಿತು. ಬಲಗೆನ್ನೆ. ಬಾಯೊಳಗೆ ನಾಲಿಗೆ ಒಂದು ಸುತ್ತು ಹೊರಳಿತು. ತಟ್ಟನೆ ಎದ್ದು ಕೂತರು.

"ಒಂದು ಬಲಕ್ಕೆ ಮೇಲೆ! ಎರಡು ಎಡಕ್ಕೆ, ಮೂರು ಕೆಳಗೆ, ನಾಲ್ಕು ಈ ಕಡೆ. ನಿನ್ನ ಗ್ರಾಫೇ ಕಣೇ ಇದು!"

ಆಗ ನನ್ನ ಮಂಕು ಬುದ್ಧಿಗೂ ಹೊಳೆಯಿತು. ಒಂದನೇ ಭಾಗ ರೋಗಿಯ ಬಲಕ್ಕೆ. ಎದುರಿಗೆ ನಿಂತು ನೋಡುವವರಿಗೆ ಅದು ಎಡ. ಅತ್ತಿಗೆ ಹಾಳೆಯನ್ನೂ ತೆರೆದ ಬಾಯಿಯಂತೆ ಎದುರಿನಿಂದಲೇ ಓದುತ್ತಿದ್ದರು.

"ಇಷ್ಟು ವರ್ಷ ಪಕ್ಕದಲ್ಲೇ ನಿಂತಿದ್ದೀನಿ. ಈ ಕುರ್ಚೀಲಿ ಒಂದು ಸಲಾನೂ ಕೂತಿರ್ಲಿಲ್ಲ" ಎಂದು ಸಣ್ಣಗೆ ಹೇಳಿ ಮತ್ತೆ ಬಾಯಿ ತೆರೆದರು.

ಪರೀಕ್ಷೆಯ ಕೋಣೆಯಲ್ಲಿ ಅತ್ತಿಗೆ ಕಣ್ಣು ಮುಚ್ಚಿ ನಾಲಿಗೆ ಹೊರಳಿಸುವುದನ್ನು ಕಂಡು ಮೇಲ್ವಿಚಾರಕರು, "ಹಲ್ಲುನೋವಾಮ್ಮಾ?" ಎಂದು ಕೇಳಿದರಂತೆ. "ಇಲ್ಲ ಸಾರ್, ಈಗ ವಾಸಿ" ಎಂದರಂತೆ ಅತ್ತಿಗೆ.

ಪಾಸಾದರು. ಈಗಲೂ ಕುರ್ಚಿಯ ಪಕ್ಕದಲ್ಲೇ ಇದ್ದಾರೆ. ಗ್ರಾಫ್ ಹಾಳೆ ಕಂಡರೆ ನಾಲಿಗೆ ಹೊರಳುವ ಕಾಯಿಲೆ ಮಾತ್ರ ನನಗೆ ಅಂಟಿದೆ.