ಸ್ಕೂಟರಿನಿಂದ ಬಿದ್ದಳು ಎಂದೆ

ಮಗಳ ಮೇಲ್ದವಡೆಯ ಆಪರೇಷನ್ ಆಗಿ ಮೂರನೆಯ ದಿನ ಮಧ್ಯಾಹ್ನ, ಮಣಿಪಾಲದ ವಾರ್ಡಿನಲ್ಲಿ, ನಾನು ಒಂದು ಸುಳ್ಳು ಹೇಳಿದೆ. ಹೇಳಿದ್ದು ನನ್ನ ಅಕ್ಕನಿಗೆ. ಮಗಳು ಕೈಯಳತೆಯಲ್ಲಿ ಎಚ್ಚರವಾಗಿಯೇ ಮಲಗಿದ್ದಳು.

ನಾವು ಯಾರಿಗೂ ತಿಳಿಸಿರಲಿಲ್ಲ. ಯಾರೋ ನಮ್ಮನ್ನು ಆಸ್ಪತ್ರೆಯಲ್ಲಿ ಕಂಡು ಅಕ್ಕನಿಗೆ ಹೇಳಿದ್ದರು. ಅವಳು ಕಾಪುವಿನಿಂದ ಹೊರಟು, ಉಡುಪಿಯಲ್ಲಿ ಬಸ್ಸು ಬದಲಾಯಿಸಿ, ಎರಡು ಎಳನೀರು ಹಿಡಿದುಕೊಂಡು ಬಂದಿದ್ದಳು. ಮಗಳ ಮುಖ ಕಣ್ಣಿನ ಕೆಳಗಿನಿಂದ ಗಲ್ಲದವರೆಗೆ ಬಾತಿತ್ತು. ಮೇಲಿನ ಕೆಳಗಿನ ಹಲ್ಲುಗಳನ್ನು ಸಣ್ಣ ರಬ್ಬರುಗಳಿಂದ ಬಿಗಿದಿದ್ದರು. ನಾನು ಸಿರಿಂಜಿನಿಂದ ಕೆನ್ನೆಯ ಸಂದಿಗೆ ಗಂಜಿತಿಳಿ ಬಿಡುತ್ತಿದ್ದೆ. ಹೇಳಬೇಕಾದ್ದನ್ನು ಅವಳು ಮೊಬೈಲಿನಲ್ಲಿ ಬರೆದು ತೋರಿಸುತ್ತಿದ್ದಳು.

"ತಾಯಿ ಇಲ್ಲದ ಮಗುವಿಗೆ ಇದೆಂತ ಆಯಿತು ಮಾರಾಯ?" ಎಂದಳು ಅಕ್ಕ.

"ಸ್ಕೂಟರಿನಿಂದ ಬಿದ್ದಳು" ಎಂದೆ.

ಯೋಚಿಸದೆ ಬಾಯಿಗೆ ಬಂತು ಎಂದು ಬರೆಯಬಹುದಿತ್ತು. ಆದರೆ ಯಾರಾದರೂ ಕೇಳಿದರೆ ಹೇಳಲಿಕ್ಕೆಂದು ಹಿಂದಿನ ವಾರವೇ ಅದನ್ನು ಕಟ್ಟಿಟ್ಟಿದ್ದೆ. ಎಲ್ಲಿ ಬಿದ್ದದ್ದು ಎಂದಾಗಲೂ ಉತ್ತರ ಸಿದ್ಧವಿತ್ತು: ಹಿರಿಯಡ್ಕದ ಹತ್ತಿರ, ಜಲ್ಲಿಯ ಮೇಲೆ ಚಕ್ರ ಜಾರಿ.

"ಡ್ರೈವಿಂಗ್ ಸ್ಕೂಲಿನವನ ಮಗಳೇ ಬಿದ್ದರೆ, ನಿನ್ನ ಹತ್ತಿರ ಕಲಿತವರ ಕಥೆ ಎಂತ?" ಅಕ್ಕ ಕಣ್ಣೊರೆಸಿಕೊಳ್ಳುತ್ತಲೇ ಅಂದಳು. ಕಾರ್ಕಳದಲ್ಲಿ ಇಷ್ಟು ವರ್ಷ ನಾನು ಮಾಡಿಕೊಂಡು ಬಂದದ್ದು ಅದೇ ಕೆಲಸ. ನಾನು ನಕ್ಕೆ.

ಮಗಳು ಮೊಬೈಲ್ ಎತ್ತಿ ಬರೆದಳು. ಅಕ್ಕನಿಗಲ್ಲ, ನನಗೆ ತಿರುಗಿಸಿ ತೋರಿಸಿದಳು. ನಾನು ಬಿದ್ದಿಲ್ಲ, ಎಂದಿತ್ತು. ಓದಿದೆ. "ಅವಳಿಗೆ ಸುಸ್ತು, ಮಲಗಲಿ" ಎಂದು ಮೊಬೈಲನ್ನು ಅವಳ ಕೈಯಿಂದ ತೆಗೆದು ನನ್ನ ಕಿಸೆಗೆ ಹಾಕಿಕೊಂಡೆ. ಅಕ್ಕ ಹೋಗುವವರೆಗೆ, ಸುಮಾರು ಒಂದು ಗಂಟೆ, ಅದು ಅಲ್ಲೇ ಇತ್ತು.

ಅವಳ ದವಡೆ ನನ್ನದೇ. ಮೇಲಿನದು ಉದ್ದ, ತುಟಿ ಕೂಡುವುದಿಲ್ಲ, ನಕ್ಕರೆ ವಸಡು ಪೂರ್ತಿ ಕಾಣುತ್ತದೆ. ನಾನು ಮೀಸೆ ಬಿಟ್ಟು ಮುಚ್ಚಿಕೊಂಡೆ. ಅವಳು ಅಂಗೈ ಅಡ್ಡ ಹಿಡಿದು ನಗುತ್ತಿದ್ದಳು. ಎದುರಿನ ಹಲ್ಲುಗಳು ಒಂದಕ್ಕೊಂದು ತಾಗದೆ ದೋಸೆಯನ್ನೂ ಪಕ್ಕದ ಹಲ್ಲಿನಿಂದ ಕಚ್ಚುತ್ತಿದ್ದಳು. ಕೆಲಸಕ್ಕೆ ಸೇರಿದ ಮೇಲೆ ತಾನೇ ಡಾಕ್ಟರರನ್ನು ಕಂಡು, ಒಂದೂವರೆ ವರ್ಷ ಹಲ್ಲಿಗೆ ತಂತಿ ಹಾಕಿಸಿಕೊಂಡಳು. ಹಲ್ಲಿನ ಬೇರುಗಳ ಮೇಲೆ ದವಡೆಯನ್ನು ಅಡ್ಡ ಕತ್ತರಿಸಿ, ಮೇಲಕ್ಕೆ ಸರಿಸಿ ಕೂರಿಸುತ್ತಾರೆ ಎಂದು ನನಗೆ ಚಿತ್ರ ಬರೆದು ತೋರಿಸಿದಳು. ನಾನು ಕೇಳಿದ್ದು ಒಂದೇ: "ಜನರಿಗೆ ಎಂತ ಹೇಳುವುದು?" ಬಿದ್ದು ಒಡೆದ ಮುಖಕ್ಕೆ ಮರುಕ ಸಿಗುತ್ತದೆ. ಹುಟ್ಟಿನದ್ದನ್ನು ಸರಿಮಾಡಿಸಿಕೊಂಡಳು ಎಂದರೆ, ಅದು ಯಾರ ಕಡೆಯಿಂದ ಬಂತು ಎಂದು ನನ್ನ ಮುಖ ನೋಡುತ್ತಾರೆ.

ಅಕ್ಕ ಅಂದು ಮನೆ ಮುಟ್ಟುವ ಮೊದಲೇ ಹರಕೆ ಹೇಳಿಕೊಂಡಿದ್ದಳು: ಮಗು ಚೇತರಿಸಿಕೊಂಡರೆ ಕಾಪುವಿನ ದೇವಿಯ ಎದುರು ಅವಳನ್ನೇ ನಿಲ್ಲಿಸಿ ಹೂವಿನಪೂಜೆ. ಎರಡು ತಿಂಗಳ ಮೇಲೆ ಹೋದೆವು. ನಮ್ಮಲ್ಲಿ ಹರಕೆ ಸಲ್ಲಿಸುವಾಗ ಅರ್ಚಕರು ಅದರ ಕಾರಣವನ್ನು ಗಟ್ಟಿಯಾಗಿ ಹೇಳಿ ಪ್ರಾರ್ಥಿಸುತ್ತಾರೆ, ಸುತ್ತ ನಿಂತವರಿಗೆಲ್ಲ ಕೇಳುವ ಹಾಗೆ. ಅಕ್ಕ ಅರ್ಚಕರಿಗೆ ಹೇಳಿದಳು. ಅವರು ದೇವಿಗೆ ಹೇಳಿದರು: ವಾಹನದಿಂದ ಬಿದ್ದ ಮಗುವನ್ನು ಉಳಿಸಿಕೊಟ್ಟೆ ತಾಯಿ. ಮಗಳು ನನ್ನನ್ನು ನೋಡಿದಳು. ಆಗ ಅವಳಿಗೆ ಮಾತಾಡಲು ಆಗುತ್ತಿತ್ತು. ಆದರೂ ನನಗಾಗಿ ಕಾದಳು. ನಾನು ತಲೆ ತಗ್ಗಿಸಿ ಪ್ರಸಾದ ತೆಗೆದುಕೊಂಡೆ.

ಅಂಗಳಕ್ಕೆ ಬಂದ ಮೇಲೆ ಅವಳೇ ಅತ್ತೆಗೆ ಹೇಳಿದಳು. ಮೇಲ್ತುಟಿಯ ಜೋಮು ಇನ್ನೂ ಬಿಟ್ಟಿರಲಿಲ್ಲ. ಒಂದೊಂದೇ ಶಬ್ದ ಬಂತು. "ಮಾಮಿ, ನಾನು ಎಲ್ಲಿಯೂ ಬಿದ್ದಿಲ್ಲ. ದವಡೆ ಸರಿಮಾಡಿಸಿದ್ದು. ನಾನೇ ಬೇಕೂಂತ ಮಾಡಿಸಿದ್ದು."

ಅಕ್ಕ ಅವಳ ಮುಖವನ್ನು ಎರಡೂ ಕೈಗಳಲ್ಲಿ ಹಿಡಿದು ನೋಡಿದಳು. "ಚಂದ ಆಗಿದೆ. ಅದಕ್ಕೆಂತ?" ಎಂದಳು. ಆಮೇಲೆ ನನ್ನ ಕಡೆ ತಿರುಗಿದಳು. "ದೇವಿಯ ಎದುರು ನನ್ನ ಬಾಯಿಂದ ಸುಳ್ಳು ಹೇಳಿಸಿದೆಯಲ್ಲ, ನಾಚಿಕೆ ಉಂಟಾ ನಿನಗೆ? ಹೋಗು, ತಪ್ಪುಕಾಣಿಕೆ ಹಾಕಿ ಇದ್ದದ್ದನ್ನು ಹೇಳಿ ಬಾ. ನಾವು ಬರುವುದಿಲ್ಲ."

ಮತ್ತೆ ಸಾಲಿನಲ್ಲಿ ನಿಂತೆ. "ಈಗ ಬಂದವರಲ್ವಾ? ಇನ್ನೆಂತ ಪ್ರಾರ್ಥನೆ?" ಎಂದರು ಅರ್ಚಕರು. ನಾನು ಹೇಳಿದ್ದು ಅವರಿಗೆ ಕೇಳಲಿಲ್ಲ. ಇನ್ನೊಮ್ಮೆ ಹೇಳಿದೆ: ಮಗಳು ಬಿದ್ದದ್ದಲ್ಲ, ಹುಟ್ಟಿನ ದವಡೆ, ನನ್ನಿಂದ ಬಂದದ್ದು, ನಾನು ಸುಳ್ಳು ಹೇಳಿದೆ. ಅವರು ಅದನ್ನೇ ಗಟ್ಟಿಯಾಗಿ ದೇವಿಗೆ ಹೇಳಿದರು. ನನ್ನ ಹಿಂದೆ ನಿಂತಿದ್ದ ಹೆಂಗಸು ಬಗ್ಗಿ ನನ್ನ ಮುಖ ನೋಡಿದಳು. ಅಷ್ಟೇ ಆದದ್ದು.

ಅಕ್ಕನನ್ನು ಮನೆಗೆ ಬಿಟ್ಟು ಹೊರಟೆವು. ಮಗಳು ಕಾರಿನ ಹಿಂದಿನ ಸೀಟಿನಲ್ಲಿ ಕೂತಿದ್ದಳು. "ಒಳಗೆ ಎಂತ ಹೇಳಿದ್ರಿ ಅಪ್ಪ?" ಎಂದು ಕೇಳಿದಳು. ರಸ್ತೆ ನೋಡುತ್ತಾ ಶುರುಮಾಡಿದೆ.

"ಗಾಡಿ ನಿಲ್ಲಿಸಿ ಹೇಳಿ" ಎಂದಳು.

ಬದಿಗೆ ತೆಗೆದು ನಿಲ್ಲಿಸಿದೆ. ತಿರುಗಿ, ನಿನ್ನ ಮುಖದ ವಿಷಯದಲ್ಲಿ ನನಗೆ ನಾಚಿಕೆಯಾಗಿತ್ತು, ಎಂದೆ.

"ಗೊತ್ತುಂಟು" ಎಂದಳು. "ಈಗ ಹೋಗುವ."